ಬಾಬಿ ಓರ್

ರಾಬರ್ಟ್ ಗಾರ್ಡನ್ ಓರ್ (ಜನನ: ೨೦ ಮಾರ್ಚ್ ೧೯೪೮) ಕೆನಡಾ ದೇಶದ ಮಾಜಿ ವೃತ್ತಿಪರ ಐಸ್ ಹಾಕಿ ಆಟಗಾರರು. ಬಾಬಿ ಓರ್ ಎಂಬ ಹೆಸರಿನಿಂದ ಪ್ರಸಿದ್ಧರಾದ ಇವರು ಉತ್ತರ ಅಮೆರಿಕದ ನ್ಯಾಷನಲ್ ಹಾಕಿ ಲೀಗ್‌ನಲ್ಲಿ ರಕ್ಷಣಾ ಆಟಗಾರರಾಗಿ ೧೯೬೬ರಿಂದ ೧೯೭೬ರವರೆಗೆ ಬಾಸ್ಟನ್ ಬ್ರೂಯಿನ್ಸ್ ತಂಡದಲ್ಲಿಯೂ, ಅನಂತರ ೧೯೭೮ರವರೆಗೆ ಶಿಕಾಗೋ ಬ್ಲ್ಯಾಕ್ ಹಾಕ್ಸ್ ತಂಡದಲ್ಲಿಯೂ ಇದ್ದರು. ಎದುರಾಳಿಯನ್ನು ತಡೆಯುವುದಷ್ಟೇ ರಕ್ಷಣಾ ಆಟಗಾರನ ಕರ್ತವ್ಯವೆಂದು ಬಹುಮಟ್ಟಿಗೆ ಭಾವಿಸಲಾಗಿದ್ದ ಕಾಲದಲ್ಲಿ, ದಾಳಿಯನ್ನು ಆರಂಭಿಸುವ ಮತ್ತು ಮುನ್ನಡೆಸುವ ಹೊಣೆಯನ್ನೂ ಆ ಸ್ಥಾನಕ್ಕೆ ತಂದುಕೊಟ್ಟವರು ಇವರು. ಲೀಗ್‌ನ ಅತ್ಯಧಿಕ ಅಂಕ ಗಳಿಕೆಯ ಪ್ರಶಸ್ತಿಯಾದ ಆರ್ಟ್ ರಾಸ್ ಟ್ರೋಫಿಯನ್ನು ಗೆದ್ದ ಏಕೈಕ ರಕ್ಷಣಾ ಆಟಗಾರರು ಓರ್. ಶ್ರೇಷ್ಠ ರಕ್ಷಣಾ ಆಟಗಾರನಿಗೆ ಸಲ್ಲುವ ಜೇಮ್ಸ್ ನಾರಿಸ್ ಸ್ಮಾರಕ ಟ್ರೋಫಿಯನ್ನು ಸತತ ಎಂಟು ಬಾರಿ (೧೯೬೮–೧೯೭೫) ಪಡೆದ ಅವರ ದಾಖಲೆಯನ್ನು ಇನ್ನೂ ಯಾರೂ ಸರಿಗಟ್ಟಿಲ್ಲ.

ಎಡ ಮಂಡಿಯ ಮೇಲೆ ಮತ್ತೆ ಮತ್ತೆ ನಡೆದ ಶಸ್ತ್ರಚಿಕಿತ್ಸೆಗಳಿಂದಾಗಿ ಓರ್ ಅವರ ಆಟ ಮೂವತ್ತನೆಯ ವಯಸ್ಸಿಗೇ ಮುಗಿಯಿತು. ಲೀಗ್‌ನಲ್ಲಿ ಅವರು ಆಡಿದ್ದು ಒಟ್ಟು ೬೫೭ ಪಂದ್ಯಗಳನ್ನು ಮಾತ್ರ. ಅವುಗಳಲ್ಲಿ ೨೭೦ ಗೋಲು ಮತ್ತು ೬೪೫ ಅಸಿಸ್ಟ್‌ಗಳೊಂದಿಗೆ ೯೧೫ ಅಂಕಗಳನ್ನು ಗಳಿಸಿದರು. ಅವರು ಸಹೋದರನಂತೆ ನಂಬಿದ್ದ ಏಜೆಂಟ್ ಅಲನ್ ಈಗಲ್‌ಸನ್ ಅವರೊಂದಿಗಿನ ಸಂಬಂಧ ಮುರಿದುಬಿದ್ದ ಪ್ರಕರಣವು ಕೆನಡಾದ ಕ್ರೀಡಾ ಇತಿಹಾಸದ ಕಹಿ ಅಧ್ಯಾಯಗಳಲ್ಲಿ ಒಂದಾಗಿದೆ.

ಆಟದ ಹಿನ್ನೆಲೆ

ಐಸ್ ಹಾಕಿಯು ಭಾರತದಲ್ಲಿ ಪರಿಚಿತವಾಗಿರುವ ಮೈದಾನದ ಹಾಕಿಗಿಂತ ಹಲವು ರೀತಿಯಲ್ಲಿ ಭಿನ್ನವಾದುದು. ಮಂಜುಗಡ್ಡೆಯ ಅಂಕಣದ ಮೇಲೆ ಆಟಗಾರರು ಸ್ಕೇಟ್‌ಗಳನ್ನು ಧರಿಸಿ ಜಾರುತ್ತ ಆಡುತ್ತಾರೆ. ಚೆಂಡಿನ ಬದಲಿಗೆ ಪಕ್ ಎಂದು ಕರೆಯುವ ಗಟ್ಟಿ ರಬ್ಬರಿನ ಚಪ್ಪಟೆ ಬಿಲ್ಲೆಯನ್ನು ಬಳಸುತ್ತಾರೆ. ಸಾಮಾನ್ಯವಾಗಿ ಪ್ರತಿ ತಂಡದಿಂದ ಒಮ್ಮೆಗೆ ಆರು ಮಂದಿ ಅಂಕಣದಲ್ಲಿರುತ್ತಾರೆ: ಮೂವರು ಮುಂಚೂಣಿ ಆಟಗಾರರು, ಇಬ್ಬರು ರಕ್ಷಣಾ ಆಟಗಾರರು ಮತ್ತು ಒಬ್ಬ ಗೋಲ್‌ಕೀಪರ್. ಇಪ್ಪತ್ತು ನಿಮಿಷಗಳ ಮೂರು ಅವಧಿಗಳಲ್ಲಿ ಪಂದ್ಯ ನಡೆಯುತ್ತದೆ. ಗೋಲು ಹೊಡೆದವರಿಗೆ ಒಂದು ಅಂಕವೂ, ಆ ಗೋಲಿಗೆ ಮುನ್ನ ಪಕ್ ಒದಗಿಸಿ ನೆರವಾದ ಗರಿಷ್ಠ ಇಬ್ಬರಿಗೆ ಅಸಿಸ್ಟ್ ಎಂಬ ಹೆಸರಿನಲ್ಲಿ ತಲಾ ಒಂದು ಅಂಕವೂ ವೈಯಕ್ತಿಕ ಲೆಕ್ಕಕ್ಕೆ ಸೇರುತ್ತವೆ.

ರಕ್ಷಣಾ ಆಟಗಾರ ದಾಳಿಗೆಂದು ಮುನ್ನುಗ್ಗಿದರೆ ಅವನ ಹಿಂದಿನ ಜಾಗ ತೆರವಾಗುತ್ತದೆ. ಎದುರಾಳಿ ಪಕ್ ಕಸಿದುಕೊಂಡರೆ ಗೋಲ್‌ಕೀಪರ್ ಬಹುತೇಕ ಒಂಟಿಯಾಗುತ್ತಾನೆ. ಈ ಕಾರಣದಿಂದ ರಕ್ಷಣಾ ಆಟಗಾರರು ತಮ್ಮ ಸ್ಥಾನವನ್ನು ಬಿಟ್ಟು ಕದಲಬಾರದೆಂಬುದು ತರಬೇತುದಾರರ ಸಾಮಾನ್ಯ ಸೂತ್ರವಾಗಿತ್ತು. ಈ ಸೂತ್ರವನ್ನು ಮೀರಿದವರಲ್ಲಿ ಓರ್ ಮೊದಲಿಗರೇನೂ ಅಲ್ಲ. ಬಾಸ್ಟನ್ ತಂಡದಲ್ಲಿಯೇ ಹಿಂದೆ ಆಡಿದ್ದ ಎಡ್ಡಿ ಶೋರ್ ಪಕ್ ಹಿಡಿದು ಮುನ್ನುಗ್ಗುವುದಕ್ಕೆ ಹೆಸರಾಗಿದ್ದರು. ಮಾಂಟ್ರಿಯಲ್ ತಂಡದ ಡಗ್ ಹಾರ್ವೆ ಹಿಂದಿನಿಂದಲೇ ಆಟದ ಗತಿಯನ್ನು ನಿಯಂತ್ರಿಸುತ್ತಿದ್ದರು. ಆದರೂ ೧೯೬೮ರವರೆಗೆ ಲೀಗ್‌ನ ಯಾವ ರಕ್ಷಣಾ ಆಟಗಾರನೂ ಒಂದು ಋತುವಿನಲ್ಲಿ ೨೦ಕ್ಕಿಂತ ಹೆಚ್ಚು ಗೋಲು ಹೊಡೆದಿರಲಿಲ್ಲ, ೬೦ ಅಂಕಗಳನ್ನು ಮುಟ್ಟಿರಲಿಲ್ಲ. ಓರ್ ತಂದ ಬದಲಾವಣೆಯ ಪ್ರಮಾಣವನ್ನು ಈ ಸಂಖ್ಯೆಗಳ ಎದುರಿಗಿಟ್ಟು ನೋಡಬೇಕಾಗುತ್ತದೆ.

ಬಾಲ್ಯ ಮತ್ತು ಕಿರಿಯರ ಹಾಕಿ

ಓರ್ ಅವರು ಕೆನಡಾದ ಒಂಟಾರಿಯೋ ಪ್ರಾಂತ್ಯದ ಪ್ಯಾರಿ ಸೌಂಡ್ ಎಂಬ ಸಣ್ಣ ಪಟ್ಟಣದಲ್ಲಿ ಜನಿಸಿದರು. ಈ ಊರು ಹ್ಯೂರಾನ್ ಸರೋವರದ ಭಾಗವಾದ ಜಾರ್ಜಿಯನ್ ಕೊಲ್ಲಿಯ ದಂಡೆಯಲ್ಲಿದೆ. ತಂದೆ ಡಗ್ ಓರ್ ಸ್ಫೋಟಕ ವಸ್ತುಗಳ ಕಾರ್ಖಾನೆಯ ಕಾರ್ಮಿಕರಾಗಿದ್ದರು. ತಾಯಿಯ ಹೆಸರು ಆರ್ವಾ. ಐವರು ಮಕ್ಕಳಲ್ಲಿ ಬಾಬಿ ಮೂರನೆಯವರು. ಚಳಿಗಾಲದಲ್ಲಿ ಹೆಪ್ಪುಗಟ್ಟುತ್ತಿದ್ದ ಸೆಗ್ವಿನ್ ನದಿ ಮತ್ತು ಕೊಲ್ಲಿಯ ನೀರೇ ಊರಿನ ಹುಡುಗರ ಆಟದ ಬಯಲು. ಹತ್ತಾರು ಹುಡುಗರು ಒಂದೇ ಪಕ್‌ನ ಹಿಂದೆ ಬಿದ್ದು, ಯಾವ ಸ್ಥಾನವನ್ನೂ ಗೊತ್ತುಮಾಡಿಕೊಳ್ಳದೆ ಆಡುತ್ತಿದ್ದ ಆ ಆಟದಲ್ಲಿ, ಒಮ್ಮೆ ಕೈಗೆ ಸಿಕ್ಕ ಪಕ್ಕನ್ನು ಬಿಟ್ಟುಕೊಡದಿರುವ ಚಾತುರ್ಯ ಓರ್ ಅವರಿಗೆ ಒಲಿಯಿತು.

ಲೀಗ್‌ನ ಮಾಜಿ ಆಟಗಾರ ಬಕೋ ಮೆಕ್‌ಡೊನಾಲ್ಡ್ ಆಗ ಊರಿನ ಹುಡುಗರ ತಂಡಕ್ಕೆ ತರಬೇತಿ ನೀಡುತ್ತಿದ್ದರು. ಬಾಲಕನನ್ನು ರಕ್ಷಣಾ ಸ್ಥಾನದಲ್ಲಿ ನಿಲ್ಲಿಸಿದವರು ಅವರೇ. ಆದರೆ ಆ ಸ್ಥಾನದ ರೂಢಿಯ ಕಟ್ಟುಪಾಡುಗಳನ್ನು ಹೇರದೆ, ಪಕ್ ಹಿಡಿದು ಮುನ್ನುಗ್ಗಲು ಹುಡುಗನಿಗೆ ಅವಕಾಶ ಕೊಟ್ಟರು. ಓರ್ ಅವರ ಮುಂದಿನ ಶೈಲಿಯ ಬೀಜ ಇಲ್ಲಿಯೇ ಬಿದ್ದಿತ್ತು.

೧೯೬೧ರಲ್ಲಿ ಒಂಟಾರಿಯೋದ ಗನನೋಕ್ವೆ ಎಂಬಲ್ಲಿ ನಡೆದ ಬಾಲಕರ ಪಂದ್ಯಕ್ಕೆ ಬಾಸ್ಟನ್ ಬ್ರೂಯಿನ್ಸ್ ತಂಡದ ಪ್ರತಿನಿಧಿಗಳು ಬೇರೆ ಆಟಗಾರರನ್ನು ನೋಡಲೆಂದು ಹೋಗಿದ್ದರು. ಅಲ್ಲಿ ಅವರ ಕಣ್ಣಿಗೆ ಬಿದ್ದವನು ಹನ್ನೆರಡು–ಹದಿಮೂರರ ಪ್ರಾಯದ, ಸಣಕಲು ದೇಹದ ಓರ್. ಅಂದಿನ ನಿಯಮಗಳ ಪ್ರಕಾರ ವೃತ್ತಿಪರ ತಂಡವು ಬಾಲಕನೊಬ್ಬನ ಸಹಿ ಪಡೆದರೆ ಅವನ ಭವಿಷ್ಯದ ಹಕ್ಕು ಆ ತಂಡಕ್ಕೇ ಸೇರುತ್ತಿತ್ತು. ಬ್ರೂಯಿನ್ಸ್ ತಂಡದ ವ್ರೆನ್ ಬ್ಲೇರ್ ಕುಟುಂಬದ ವಿಶ್ವಾಸ ಗಳಿಸಿ ೧೯೬೨ರಲ್ಲಿ ಒಪ್ಪಂದ ಮಾಡಿಕೊಂಡರು. ಅದಕ್ಕೆ ಪ್ರತಿಯಾಗಿ ಕುಟುಂಬಕ್ಕೆ ದೊರೆತವುಗಳಲ್ಲಿ ಮನೆಯ ಹೊರಗೋಡೆಗಳಿಗೆ ಗಾರೆ ಮಾಡಿಸಿಕೊಟ್ಟದ್ದೂ ಒಂದು.

ಹದಿನಾಲ್ಕನೆಯ ವಯಸ್ಸಿನಲ್ಲಿ ಓರ್ ಆಶವಾ ಜನರಲ್ಸ್ ಎಂಬ ಕಿರಿಯರ ತಂಡವನ್ನು ಸೇರಿದರು. ಎದುರಾಳಿಗಳಲ್ಲಿ ಹಲವರು ಅವರಿಗಿಂತ ನಾಲ್ಕೈದು ವರ್ಷ ದೊಡ್ಡವರಾಗಿದ್ದರು. ಮೊದಲ ಋತುವಿನಲ್ಲಿ ಅವರು ಪ್ಯಾರಿ ಸೌಂಡ್‌ನಲ್ಲಿಯೇ ಉಳಿದು, ತಂಡದ ಅಭ್ಯಾಸಗಳಲ್ಲಿ ಭಾಗವಹಿಸದೆ, ಪಂದ್ಯಗಳಿಗೆ ಮಾತ್ರ ಹಲವು ಗಂಟೆಗಳ ಕಾರು ಪ್ರಯಾಣ ಮಾಡಿ ಹೋಗಿಬರುತ್ತಿದ್ದರು. ೧೯೬೬ರಲ್ಲಿ ಜನರಲ್ಸ್ ತಂಡವು ಕಿರಿಯರ ರಾಷ್ಟ್ರೀಯ ಪಂದ್ಯಾವಳಿಯಾದ ಮೆಮೋರಿಯಲ್ ಕಪ್‌ನ ಅಂತಿಮ ಸುತ್ತನ್ನು ತಲುಪಿ, ಎಡ್ಮಂಟನ್ ಆಯಿಲ್ ಕಿಂಗ್ಸ್ ತಂಡಕ್ಕೆ ಸೋತಿತು. ಗಾಯಗೊಂಡಿದ್ದ ಓರ್ ಆ ಸರಣಿಯಲ್ಲಿ ಪೂರ್ಣ ಸಾಮರ್ಥ್ಯದಿಂದ ಆಡಲಾಗಲಿಲ್ಲ.

ವೃತ್ತಿಜೀವನದ ಆರಂಭ

೧೯೬೬ರ ಒಪ್ಪಂದ

ಆ ಕಾಲದಲ್ಲಿ ಆಟಗಾರರು ತಂಡದ ಆಡಳಿತದೊಂದಿಗೆ ನೇರವಾಗಿ, ಬಹುಮಟ್ಟಿಗೆ ಅಸಹಾಯಕರಾಗಿ ಸಂಬಳ ಮಾತನಾಡಿಕೊಳ್ಳುತ್ತಿದ್ದರು. ಮಗನ ವಿಷಯದಲ್ಲಿ ಹಾಗಾಗಬಾರದೆಂದು ಡಗ್ ಓರ್ ಅವರು ಟೊರಾಂಟೋದ ಯುವ ವಕೀಲ ಅಲನ್ ಈಗಲ್‌ಸನ್ ಅವರ ನೆರವು ಪಡೆದರು. ೧೯೬೬ರಲ್ಲಿ ಬ್ರೂಯಿನ್ಸ್ ತಂಡದ ಪ್ರಧಾನ ವ್ಯವಸ್ಥಾಪಕ ಹ್ಯಾಪ್ ಎಮ್ಸ್ ಅವರ ದೋಣಿಯಲ್ಲಿ ಒಪ್ಪಂದಕ್ಕೆ ಸಹಿ ಬಿದ್ದಿತು. ಹೊಸ ಆಟಗಾರನೊಬ್ಬನಿಗೆ ಲೀಗ್‌ನಲ್ಲಿ ಅದುವರೆಗೆ ದೊರೆತಿದ್ದುದಕ್ಕಿಂತ ಹೆಚ್ಚಿನ ಸಂಬಳ ಓರ್ ಅವರಿಗೆ ದೊರೆಯಿತು. ಹಾಕಿಯಲ್ಲಿ ಏಜೆಂಟರ ಯುಗ ಈ ಒಪ್ಪಂದದಿಂದ ಆರಂಭವಾಯಿತೆಂದು ಹೇಳಲಾಗುತ್ತದೆ. ಮರುವರ್ಷ, ಅಂದರೆ ೧೯೬೭ರಲ್ಲಿ, ಲೀಗ್‌ನ ಆಟಗಾರರ ಸಂಘ ಸ್ಥಾಪನೆಯಾಗಿ, ಈಗಲ್‌ಸನ್ ಅವರೇ ಅದರ ಕಾರ್ಯನಿರ್ವಾಹಕ ನಿರ್ದೇಶಕರಾದರು.

ಮೊದಲ ಋತುಗಳು

ಓರ್ ಬಾಸ್ಟನ್‌ಗೆ ಬಂದಾಗ ಬ್ರೂಯಿನ್ಸ್ ತಂಡ ಕೆಳಮಟ್ಟದಲ್ಲಿತ್ತು. ಆರು ತಂಡಗಳ ಅಂದಿನ ಲೀಗ್‌ನಲ್ಲಿ ಅದು ಹಲವು ವರ್ಷಗಳಿಂದ ಪ್ಲೇಆಫ್ ಹಂತವನ್ನೇ ಕಂಡಿರಲಿಲ್ಲ. ೧೯೬೬ರ ಅಕ್ಟೋಬರ್ ೧೯ರಂದು ಡೆಟ್ರಾಯಿಟ್ ರೆಡ್ ವಿಂಗ್ಸ್ ವಿರುದ್ಧ ಹದಿನೆಂಟರ ಹರೆಯದ ಓರ್ ಮೊದಲ ಪಂದ್ಯವನ್ನಾಡಿದರು. ಆ ಋತುವಿನಲ್ಲಿಯೂ ಬಾಸ್ಟನ್ ಕೊನೆಯ ಸ್ಥಾನದಲ್ಲಿಯೇ ಉಳಿಯಿತು. ಆದರೆ ೧೩ ಗೋಲು ಮತ್ತು ೨೮ ಅಸಿಸ್ಟ್ ಗಳಿಸಿದ ಓರ್ ಅವರಿಗೆ ಶ್ರೇಷ್ಠ ಹೊಸ ಆಟಗಾರನಿಗೆ ಸಲ್ಲುವ ಕಾಲ್ಡರ್ ಸ್ಮಾರಕ ಟ್ರೋಫಿ ದೊರೆಯಿತು. ಅದೇ ವರ್ಷ ನಾರಿಸ್ ಟ್ರೋಫಿ ಪಡೆದ ನ್ಯೂಯಾರ್ಕ್ ರೇಂಜರ್ಸ್ ತಂಡದ ಹಿರಿಯ ಆಟಗಾರ ಹ್ಯಾರಿ ಹೋವೆಲ್, ಇನ್ನು ಮುಂದೆ ಈ ಟ್ರೋಫಿ ಬಹುಕಾಲ ಓರ್ ಅವರದೇ ಆಗಲಿರುವುದರಿಂದ ತಾವು ಈಗಲೇ ಗೆದ್ದುಕೊಂಡದ್ದು ಒಳ್ಳೆಯದಾಯಿತೆಂಬ ಅರ್ಥದ ಮಾತನ್ನಾಡಿದರು. ಅವರ ಮಾತು ನಿಜವಾಯಿತು.

ಎಡ ಮಂಡಿಗೆ ಮೊದಲ ಪೆಟ್ಟು ಬಿದ್ದದ್ದೂ ಈ ಋತುವಿನಲ್ಲಿಯೇ. ಎರಡನೆಯ ಋತುವಿನಲ್ಲಿ ಗಾಯಗಳಿಂದಾಗಿ ಅವರು ೪೬ ಪಂದ್ಯಗಳನ್ನು ಮಾತ್ರ ಆಡಿದರು. ಆದರೂ ಮೊದಲ ನಾರಿಸ್ ಟ್ರೋಫಿ ಆಗಲೇ ಅವರ ಪಾಲಾಯಿತು. ೧೯೬೭ರಲ್ಲಿ ಶಿಕಾಗೋ ತಂಡದಿಂದ ಫಿಲ್ ಎಸ್ಪೊಸಿಟೋ, ಕೆನ್ ಹಾಡ್ಜ್ ಮತ್ತು ಫ್ರೆಡ್ ಸ್ಟ್ಯಾನ್‌ಫೀಲ್ಡ್ ಬಾಸ್ಟನ್‌ಗೆ ಬಂದ ಮೇಲೆ ತಂಡದ ಬಲ ಹೆಚ್ಚಿತು. ೧೯೬೮–೬೯ರಲ್ಲಿ ಓರ್ ೨೧ ಗೋಲು ಹಾಗೂ ೬೪ ಅಂಕ ಗಳಿಸಿ, ರಕ್ಷಣಾ ಆಟಗಾರರ ಹಿಂದಿನ ಎರಡೂ ದಾಖಲೆಗಳನ್ನು ಮುರಿದರು.

ಉತ್ತುಂಗದ ವರ್ಷಗಳು

೧೯೬೯–೭೦ ಮತ್ತು ಸ್ಟ್ಯಾನ್ಲಿ ಕಪ್ ಗೋಲು

೧೯೬೯–೭೦ರ ಋತುವಿನಲ್ಲಿ ಓರ್ ೩೩ ಗೋಲು, ೮೭ ಅಸಿಸ್ಟ್‌ಗಳೊಂದಿಗೆ ೧೨೦ ಅಂಕ ಗಳಿಸಿದರು. ಹಿಂದಿನ ವರ್ಷ ತಾವೇ ನಿರ್ಮಿಸಿದ್ದ ದಾಖಲೆಯನ್ನು ಹೆಚ್ಚುಕಡಿಮೆ ಇಮ್ಮಡಿಗೊಳಿಸಿದರು. ಆರ್ಟ್ ರಾಸ್ ಟ್ರೋಫಿ, ನಾರಿಸ್ ಟ್ರೋಫಿ, ಅತ್ಯಂತ ಮೌಲ್ಯಯುತ ಆಟಗಾರನಿಗೆ ಸಲ್ಲುವ ಹಾರ್ಟ್ ಸ್ಮಾರಕ ಟ್ರೋಫಿ ಹಾಗೂ ಪ್ಲೇಆಫ್ ಹಂತದ ಶ್ರೇಷ್ಠ ಆಟಗಾರನಿಗೆ ಸಲ್ಲುವ ಕಾನ್ ಸ್ಮೈತ್ ಟ್ರೋಫಿ, ಈ ನಾಲ್ಕನ್ನೂ ಒಂದೇ ಋತುವಿನಲ್ಲಿ ಗೆದ್ದರು. ಈ ಸಾಧನೆ ಮತ್ತಾರಿಂದಲೂ ಆಗಿಲ್ಲ.

ಲೀಗ್‌ನ ಪರಮೋಚ್ಚ ಪ್ರಶಸ್ತಿಯಾದ ಸ್ಟ್ಯಾನ್ಲಿ ಕಪ್‌ನ ಅಂತಿಮ ಸರಣಿಯಲ್ಲಿ ಬಾಸ್ಟನ್ ತಂಡವು ಸೇಂಟ್ ಲೂಯಿಸ್ ಬ್ಲೂಸ್ ತಂಡವನ್ನು ಎದುರಿಸಿ, ಮೊದಲ ಮೂರು ಪಂದ್ಯಗಳನ್ನು ಗೆದ್ದಿತ್ತು. ೧೯೭೦ರ ಮೇ ೧೦ರಂದು ಬಾಸ್ಟನ್ ಗಾರ್ಡನ್ ಕ್ರೀಡಾಂಗಣದಲ್ಲಿ ನಡೆದ ನಾಲ್ಕನೆಯ ಪಂದ್ಯ ೩–೩ ಗೋಲುಗಳಿಂದ ಸಮನಾಗಿ, ಹೆಚ್ಚುವರಿ ಅವಧಿಗೆ ಹೋಯಿತು. ಮೊದಲ ಗೋಲು ಹೊಡೆದವರೇ ಪಂದ್ಯ ಗೆಲ್ಲುವ ಅವಧಿ ಅದು. ಎದುರಾಳಿಯ ವಲಯದಿಂದ ಹೊರಗೆ ಹೋಗಲಿದ್ದ ಪಕ್ಕನ್ನು ತಡೆದ ಓರ್, ಅದನ್ನು ಮೂಲೆಯಲ್ಲಿದ್ದ ಸಹ ಆಟಗಾರ ಡೆರೆಕ್ ಸ್ಯಾಂಡರ್ಸನ್ ಅವರಿಗೆ ನೀಡಿ, ತಮ್ಮ ಸ್ಥಾನಕ್ಕೆ ಮರಳುವ ಬದಲು ನೇರವಾಗಿ ಗೋಲಿನತ್ತ ಧಾವಿಸಿದರು. ಆ ಕ್ಷಣದಲ್ಲಿ ಪಕ್ ಕೈತಪ್ಪಿದ್ದರೆ ಎದುರಾಳಿಗೆ ದಾರಿ ತೆರೆದಿರುತ್ತಿತ್ತು. ಸ್ಯಾಂಡರ್ಸನ್ ಮರಳಿಸಿದ ಪಕ್ಕನ್ನು ಓರ್ ಗೋಲ್‌ಕೀಪರ್ ಗ್ಲೆನ್ ಹಾಲ್ ಅವರ ಕಾಲುಗಳ ನಡುವಿನಿಂದ ಒಳಗೆ ಹೊಡೆದರು. ಆಗ ಹೆಚ್ಚುವರಿ ಅವಧಿ ಆರಂಭವಾಗಿ ೪೦ ಸೆಕೆಂಡುಗಳಾಗಿದ್ದವು. ಬಾಸ್ಟನ್ ೧೯೪೧ರ ನಂತರ ಮೊದಲ ಬಾರಿಗೆ ಸ್ಟ್ಯಾನ್ಲಿ ಕಪ್ ಗೆದ್ದಿತು.

ಗೋಲು ಹೊಡೆದ ಕ್ಷಣದಲ್ಲಿಯೇ ಎದುರಾಳಿ ನೋಯೆಲ್ ಪಿಕಾರ್ ಅವರ ಕೋಲು ತಗುಲಿ ಓರ್ ಗಾಳಿಗೆ ಎಸೆಯಲ್ಪಟ್ಟರು. ಎರಡೂ ತೋಳುಗಳನ್ನು ಚಾಚಿ, ಗೆಲುವಿನ ಉದ್ಗಾರದೊಂದಿಗೆ ಅವರು ನೆಲಕ್ಕೆ ಸಮಾನಾಂತರವಾಗಿ ತೇಲುತ್ತಿರುವ ದೃಶ್ಯವನ್ನು ಬಾಸ್ಟನ್‌ನ ಪತ್ರಿಕಾ ಛಾಯಾಗ್ರಾಹಕ ರೇ ಲೂಸಿಯರ್ ಸೆರೆಹಿಡಿದರು. ಐಸ್ ಹಾಕಿಯ ಇತಿಹಾಸದಲ್ಲಿ ಅತ್ಯಂತ ಪ್ರಸಿದ್ಧವಾದ ಛಾಯಾಚಿತ್ರ ಇದೇ ಎಂದು ಪರಿಗಣಿತವಾಗಿದೆ. ೨೦೧೦ರಲ್ಲಿ ಬಾಸ್ಟನ್‌ನ ಟಿಡಿ ಗಾರ್ಡನ್ ಕ್ರೀಡಾಂಗಣದ ಹೊರಗೆ ಸ್ಥಾಪಿಸಲಾದ ಕಂಚಿನ ಪ್ರತಿಮೆಗೂ ಈ ಭಂಗಿಯೇ ಆಧಾರ.

೧೯೭೦–೭೧ರ ದಾಖಲೆಗಳು

ಮರುವರ್ಷ ಓರ್ ೩೭ ಗೋಲು, ೧೦೨ ಅಸಿಸ್ಟ್‌ಗಳೊಂದಿಗೆ ೧೩೯ ಅಂಕ ಗಳಿಸಿದರು. ಒಂದು ಋತುವಿನಲ್ಲಿ ರಕ್ಷಣಾ ಆಟಗಾರನೊಬ್ಬನ ಅತ್ಯಧಿಕ ಅಸಿಸ್ಟ್ ಮತ್ತು ಅತ್ಯಧಿಕ ಅಂಕಗಳ ದಾಖಲೆಯಾಗಿ ಇವು ಇಂದಿಗೂ ಉಳಿದಿವೆ. ಇನ್ನೂ ಗಮನಾರ್ಹವಾದುದು ಪ್ಲಸ್–ಮೈನಸ್ ಎಂಬ ಲೆಕ್ಕ. ಆಟಗಾರನು ಅಂಕಣದಲ್ಲಿರುವಾಗ ಅವನ ತಂಡ ಹೊಡೆದ ಗೋಲುಗಳಿಂದ ಎದುರಾಳಿ ಹೊಡೆದ ಗೋಲುಗಳನ್ನು ಕಳೆದರೆ ದೊರೆಯುವ ಸಂಖ್ಯೆ ಇದು. ಎದುರಾಳಿ ತಂಡದವರು ಶಿಕ್ಷೆಯಿಂದ ಹೊರಗಿದ್ದಾಗ ಹೆಚ್ಚು ಆಟಗಾರರಿರುವ ತಂಡ ಹೊಡೆದ ಗೋಲುಗಳನ್ನು ಇದರಲ್ಲಿ ಸೇರಿಸುವುದಿಲ್ಲ. ಆ ಋತುವಿನಲ್ಲಿ ಓರ್ ಅವರ ಲೆಕ್ಕ +೧೨೪. ಇದನ್ನೂ ಈವರೆಗೆ ಯಾವ ಆಟಗಾರನೂ ಮೀರಿಲ್ಲ. ಮುನ್ನುಗ್ಗುವ ರಕ್ಷಣಾ ಆಟಗಾರ ತನ್ನ ಗೋಲನ್ನು ಅಪಾಯಕ್ಕೆ ಒಡ್ಡುತ್ತಾನೆಂಬ ಹಳೆಯ ಆಕ್ಷೇಪಕ್ಕೆ, ಕನಿಷ್ಠ ಓರ್ ಅವರ ಮಟ್ಟಿಗೆ, ಈ ಸಂಖ್ಯೆಯೇ ಉತ್ತರವಾಯಿತು.

ಆ ವರ್ಷ ಅಂಕ ಗಳಿಕೆಯ ಪಟ್ಟಿಯ ಮೊದಲ ನಾಲ್ಕು ಸ್ಥಾನಗಳೂ ಬಾಸ್ಟನ್ ಆಟಗಾರರವೇ ಆಗಿದ್ದವು. ಎಸ್ಪೊಸಿಟೋ ಮೊದಲಿಗರು, ಓರ್ ಎರಡನೆಯವರು. ಆದರೂ ಪ್ಲೇಆಫ್‌ನ ಮೊದಲ ಸುತ್ತಿನಲ್ಲಿಯೇ ಮಾಂಟ್ರಿಯಲ್ ತಂಡದ ಹೊಸ ಗೋಲ್‌ಕೀಪರ್ ಕೆನ್ ಡ್ರೈಡನ್ ಅವರ ಎದುರು ಬಾಸ್ಟನ್ ಅನಿರೀಕ್ಷಿತವಾಗಿ ಸೋತಿತು.

೧೯೭೨ರಿಂದ ೧೯೭೫

೧೯೭೨ರಲ್ಲಿ ಬಾಸ್ಟನ್ ತಂಡವು ನ್ಯೂಯಾರ್ಕ್ ರೇಂಜರ್ಸ್ ತಂಡವನ್ನು ಆರು ಪಂದ್ಯಗಳಲ್ಲಿ ಮಣಿಸಿ ಮತ್ತೆ ಸ್ಟ್ಯಾನ್ಲಿ ಕಪ್ ಗೆದ್ದಿತು. ಓರ್ ಎರಡನೆಯ ಬಾರಿಗೆ ಕಾನ್ ಸ್ಮೈತ್ ಟ್ರೋಫಿ ಪಡೆದರು. ಇದನ್ನು ಎರಡು ಸಲ ಪಡೆದವರಲ್ಲಿ ಅವರೇ ಮೊದಲಿಗರು. ಅದೇ ವರ್ಷ ಸತತ ಮೂರನೆಯ ಹಾರ್ಟ್ ಟ್ರೋಫಿಯೂ ದೊರೆಯಿತು. ಅವರ ನಂತರ ರಕ್ಷಣಾ ಆಟಗಾರನೊಬ್ಬನಿಗೆ ಹಾರ್ಟ್ ಟ್ರೋಫಿ ದೊರೆಯಲು ೨೦೦೦ನೆಯ ಇಸವಿಯವರೆಗೆ, ಕ್ರಿಸ್ ಪ್ರಾಂಗರ್ ಅವರವರೆಗೆ ಕಾಯಬೇಕಾಯಿತು.

೧೯೭೨ರ ಸೆಪ್ಟೆಂಬರ್‌ನಲ್ಲಿ ಕೆನಡಾ ಮತ್ತು ಸೋವಿಯತ್ ಒಕ್ಕೂಟಗಳ ನಡುವೆ ಎಂಟು ಪಂದ್ಯಗಳ ಐತಿಹಾಸಿಕ ಸರಣಿ ನಡೆಯಿತು. ಮಂಡಿಯ ಶಸ್ತ್ರಚಿಕಿತ್ಸೆಯಿಂದ ಚೇತರಿಸಿಕೊಳ್ಳುತ್ತಿದ್ದ ಓರ್ ತಂಡದೊಂದಿಗೆ ಪ್ರಯಾಣ ಮಾಡಿದರಾದರೂ ಒಂದು ಪಂದ್ಯವನ್ನೂ ಆಡಲಾಗಲಿಲ್ಲ. ೧೯೭೪ರ ಸ್ಟ್ಯಾನ್ಲಿ ಕಪ್ ಅಂತಿಮ ಸರಣಿಯಲ್ಲಿ ಬಾಸ್ಟನ್ ಫಿಲಡೆಲ್ಫಿಯಾ ಫ್ಲೈಯರ್ಸ್ ತಂಡಕ್ಕೆ ಸೋತಿತು. ೧೯೭೪–೭೫ರಲ್ಲಿ ೪೬ ಗೋಲು ಹಾಗೂ ೧೩೫ ಅಂಕ ಗಳಿಸಿದ ಓರ್ ಎರಡನೆಯ ಬಾರಿ ಆರ್ಟ್ ರಾಸ್ ಟ್ರೋಫಿ ಗೆದ್ದರು. ಆಗ ಅವರ ವಯಸ್ಸು ೨೭. ಅದೇ ಅವರ ಕೊನೆಯ ಪೂರ್ಣ ಋತುವಾಯಿತು.

ಆಟದ ಶೈಲಿ

ಓರ್ ಅವರ ಆಟದ ಮೂಲ ಅವರ ಸ್ಕೇಟಿಂಗ್. ಅವರ ವೇಗ ಒಂದೇ ಬಗೆಯದಾಗಿರಲಿಲ್ಲ. ಬೆನ್ನಟ್ಟಿ ಬರುವವನ ಅಳತೆಗೆ ತಕ್ಕಂತೆ ಅವರು ಗತಿಯನ್ನು ಏರಿಸಿ ಇಳಿಸುತ್ತಿದ್ದರು. ಇದ್ದಕ್ಕಿದ್ದಂತೆ ತಿರುಗಿ ದಿಕ್ಕು ಬದಲಿಸುತ್ತಿದ್ದರು. ತಮ್ಮ ಗೋಲಿನ ಹಿಂದೆ ಪಕ್ ಪಡೆದು, ಅಂಕಣದ ಉದ್ದಕ್ಕೂ ಎದುರಾಳಿಗಳನ್ನು ದಾಟಿ, ದಾಳಿಯ ತುದಿಯವರೆಗೆ ಸಾಗುವುದು ಅವರ ಆಟದ ಪರಿಚಿತ ದೃಶ್ಯವಾಗಿತ್ತು. ದಾಳಿ ವಿಫಲವಾದರೆ ಎದುರಾಳಿಗಿಂತ ಮೊದಲೇ ಹಿಂತಿರುಗಿ ರಕ್ಷಣೆಗೆ ನಿಲ್ಲುವಷ್ಟು ವೇಗ ಅವರಲ್ಲಿದ್ದುದರಿಂದ, ಇತರರಿಗೆ ದುಸ್ಸಾಹಸವಾಗಬಹುದಾಗಿದ್ದ ನಡೆ ಅವರಿಗೆ ಸಹಜವಾಯಿತು. ತಂಡದವರು ಶಿಕ್ಷೆಗೊಳಗಾಗಿ ಆಟಗಾರರ ಸಂಖ್ಯೆ ಕಡಿಮೆಯಾದಾಗ ಪಕ್ಕನ್ನು ತಮ್ಮ ಬಳಿಯೇ ಇರಿಸಿಕೊಂಡು ಕಾಲ ಕಳೆಯುವ ಕೌಶಲವೂ ಅವರಿಗೆ ಸಿದ್ಧಿಸಿತ್ತು. ಎದುರಾಳಿಯ ಹೊಡೆತದ ದಾರಿಗೆ ಮೈಯೊಡ್ಡುವುದು, ದೈಹಿಕ ಘರ್ಷಣೆಗೆ ಹಿಂಜರಿಯದಿರುವುದು ಮುಂತಾದ ಸಾಂಪ್ರದಾಯಿಕ ರಕ್ಷಣಾ ಕೆಲಸಗಳನ್ನೂ ಅವರು ಬಿಟ್ಟಿರಲಿಲ್ಲ.

ಆದರೆ ಈ ಶೈಲಿಗೆ ದೇಹ ಬೆಲೆ ತೆರಬೇಕಾಯಿತು. ಪಕ್ ಹಿಡಿದು ಮುನ್ನುಗ್ಗುವವನೇ ಎದುರಾಳಿಗಳ ಡಿಕ್ಕಿಗೆ ಹೆಚ್ಚು ಗುರಿಯಾಗುತ್ತಾನೆ. ಹಠಾತ್ ತಿರುವುಗಳ ಭಾರವೆಲ್ಲ ಮಂಡಿಯ ಮೇಲೆ ಬೀಳುತ್ತದೆ.

ಮಂಡಿಯ ಗಾಯ ಮತ್ತು ನಿವೃತ್ತಿ

ಸಣ್ಣ ರಂಧ್ರದ ಮೂಲಕ ಕೀಲಿನೊಳಗೆ ನೋಡಿ ಸರಿಪಡಿಸುವ ಆರ್ತ್ರೋಸ್ಕೋಪಿ ವಿಧಾನ ಓರ್ ಅವರ ಕಾಲದಲ್ಲಿ ಇನ್ನೂ ರೂಢಿಗೆ ಬಂದಿರಲಿಲ್ಲ. ಮಂಡಿಯನ್ನು ಅಗಲವಾಗಿ ಕೊಯ್ದು, ಹರಿದ ಮೃದ್ವಸ್ಥಿಯನ್ನು ತೆಗೆದುಹಾಕುವುದೇ ಅಂದಿನ ಚಿಕಿತ್ಸೆ. ಎಲುಬುಗಳ ನಡುವೆ ಮೆತ್ತೆಯಂತಿರುವ ಈ ಭಾಗ ಇಲ್ಲವಾದಂತೆ ಎಲುಬಿಗೆ ಎಲುಬು ತಾಗಿ ಸವೆತ ಮತ್ತು ನೋವು ಹೆಚ್ಚುತ್ತವೆ. ಓರ್ ಅವರ ಎಡ ಮಂಡಿಗೆ ಒಟ್ಟಾರೆ ಹನ್ನೆರಡಕ್ಕೂ ಹೆಚ್ಚು ಶಸ್ತ್ರಚಿಕಿತ್ಸೆಗಳಾದವು. ೧೯೭೫–೭೬ರ ಋತುವಿನಲ್ಲಿ ಅವರು ಬಾಸ್ಟನ್ ಪರವಾಗಿ ಆಡಿದ್ದು ೧೦ ಪಂದ್ಯಗಳನ್ನು ಮಾತ್ರ. ಆ ಹತ್ತರಲ್ಲಿಯೂ ೧೮ ಅಂಕ ಗಳಿಸಿದ್ದರು.

೧೯೭೬ರ ಸೆಪ್ಟೆಂಬರ್‌ನಲ್ಲಿ ನಡೆದ ಮೊದಲ ಕೆನಡಾ ಕಪ್ ಅಂತಾರಾಷ್ಟ್ರೀಯ ಪಂದ್ಯಾವಳಿಯಲ್ಲಿ ಓರ್ ತಮ್ಮ ದೇಶದ ಪರವಾಗಿ ಆಡಿದರು. ನಾಲ್ಕು ವರ್ಷಗಳ ಹಿಂದೆ ತಪ್ಪಿದ್ದ ಅವಕಾಶ ಈಗ ಒದಗಿತ್ತು. ಕುಂಟುವ ಮಂಡಿಯೊಂದಿಗೆ ಏಳು ಪಂದ್ಯಗಳಲ್ಲಿ ೯ ಅಂಕ ಗಳಿಸಿದರು. ಕೆನಡಾ ತಂಡವು ಚೆಕೊಸ್ಲೊವಾಕಿಯಾವನ್ನು ಸೋಲಿಸಿ ಕಪ್ ಗೆದ್ದಿತು. ಪಂದ್ಯಾವಳಿಯ ಅತ್ಯಂತ ಮೌಲ್ಯಯುತ ಆಟಗಾರನೆಂದು ಓರ್ ಆಯ್ಕೆಯಾದರು.

ಅಷ್ಟರಲ್ಲಿ ಅವರು ಶಿಕಾಗೋ ಬ್ಲ್ಯಾಕ್ ಹಾಕ್ಸ್ ತಂಡದೊಂದಿಗೆ ಒಪ್ಪಂದ ಮಾಡಿಕೊಂಡಿದ್ದರು. ಅಲ್ಲಿ ಮೊದಲ ಋತುವಿನಲ್ಲಿ ೨೦ ಪಂದ್ಯಗಳನ್ನಾಡಿದರು. ೧೯೭೭–೭೮ರ ಋತುವನ್ನು ಪೂರ್ತಿಯಾಗಿ ಬಿಡಬೇಕಾಯಿತು. ೧೯೭೮ರ ಅಕ್ಟೋಬರ್‌ನಲ್ಲಿ ಮರಳಿ ಬಂದು ಆರು ಪಂದ್ಯಗಳನ್ನಾಡಿದ ಮೇಲೆ, ಇನ್ನು ಸಾಧ್ಯವಿಲ್ಲವೆಂದು ಅರಿತು, ನವೆಂಬರ್‌ನಲ್ಲಿ ನಿವೃತ್ತಿ ಘೋಷಿಸಿದರು. ತಾವು ಆಡದಿರುವಾಗ ಸಂಬಳ ಪಡೆಯುವುದು ಸರಿಯಲ್ಲವೆಂದು ಶಿಕಾಗೋ ತಂಡ ನೀಡಿದ ಸಂಬಳದ ಚೆಕ್ಕುಗಳನ್ನು ಅವರು ನಗದು ಮಾಡಿಕೊಳ್ಳಲಿಲ್ಲ.

ಈಗಲ್‌ಸನ್ ಪ್ರಕರಣ

೧೯೭೬ರಲ್ಲಿ ಓರ್ ಬಾಸ್ಟನ್ ತೊರೆದದ್ದು ಅಭಿಮಾನಿಗಳಿಗೆ ಅರ್ಥವಾಗದ ಸಂಗತಿಯಾಗಿತ್ತು. ಅವರನ್ನು ಉಳಿಸಿಕೊಳ್ಳಲು ಬ್ರೂಯಿನ್ಸ್ ಆಡಳಿತವು ಸಂಬಳದ ಜೊತೆಗೆ ತಂಡದ ಒಡೆತನದಲ್ಲಿ ಸುಮಾರು ಶೇ. ೧೮.೫ರಷ್ಟು ಪಾಲನ್ನೂ ನೀಡಲು ಮುಂದಾಗಿತ್ತು. ಈ ವಿಷಯವನ್ನು ಈಗಲ್‌ಸನ್ ತಮಗೆ ತಿಳಿಸಲಿಲ್ಲವೆಂದೂ, ಬಾಸ್ಟನ್‌ಗೆ ತಮ್ಮ ಅಗತ್ಯವಿಲ್ಲವೆಂದು ನಂಬಿಸಿದರೆಂದೂ ಓರ್ ನಂತರ ಹೇಳಿದ್ದಾರೆ. ಈಗಲ್‌ಸನ್ ಈ ಆರೋಪವನ್ನು ಒಪ್ಪಲಿಲ್ಲ. ತಮ್ಮ ವ್ಯವಹಾರಗಳನ್ನೆಲ್ಲ ಏಜೆಂಟರಿಗೆ ಒಪ್ಪಿಸಿ ಆಟದಲ್ಲಿ ಮುಳುಗಿದ್ದ ಓರ್, ನಿವೃತ್ತಿಯ ನಂತರ ಲೆಕ್ಕ ನೋಡಿದಾಗ, ತೀರಿಸಬೇಕಾದ ತೆರಿಗೆ ಮತ್ತು ಸಾಲಗಳು ಕೈಯಲ್ಲಿದ್ದ ಆಸ್ತಿಗಿಂತ ಹೆಚ್ಚಾಗಿದ್ದವು. ೧೯೮೦ರಲ್ಲಿ ಇಬ್ಬರ ಸಂಬಂಧ ಕಡಿದುಹೋಯಿತು.

೧೯೯೦ರ ದಶಕದ ಆರಂಭದಲ್ಲಿ ಮ್ಯಾಸಚೂಸೆಟ್ಸ್ ರಾಜ್ಯದ ಈಗಲ್-ಟ್ರಿಬ್ಯೂನ್ ಪತ್ರಿಕೆಯ ವರದಿಗಾರ ರಸ್ ಕಾನ್ವೇ, ಆಟಗಾರರ ಸಂಘದ ಹಣಕಾಸಿನ ಬಗ್ಗೆ ದೀರ್ಘ ತನಿಖಾ ವರದಿಗಳನ್ನು ಪ್ರಕಟಿಸಿದರು. ಓರ್ ಸೇರಿದಂತೆ ಹಲವು ಮಾಜಿ ಆಟಗಾರರು ಸತ್ಯ ಹೊರಬರಲು ನೆರವಾದರು. ೧೯೯೮ರ ಜನವರಿಯಲ್ಲಿ ಈಗಲ್‌ಸನ್ ಬಾಸ್ಟನ್ ಮತ್ತು ಟೊರಾಂಟೋ ನ್ಯಾಯಾಲಯಗಳಲ್ಲಿ ವಂಚನೆಯ ತಪ್ಪೊಪ್ಪಿಕೊಂಡರು. ಅವರಿಗೆ ೧೮ ತಿಂಗಳ ಸೆರೆವಾಸ ವಿಧಿಸಲಾಯಿತು. ಅವರು ಹಾಕಿ ಹಾಲ್ ಆಫ್ ಫೇಮ್‌ನಲ್ಲಿ ಮುಂದುವರಿದರೆ ತಾವು ಹೊರನಡೆಯುವುದಾಗಿ ಓರ್ ಮತ್ತಿತರ ಸದಸ್ಯರು ತಿಳಿಸಿದ ಮೇಲೆ, ಈಗಲ್‌ಸನ್ ಅದಕ್ಕೆ ರಾಜೀನಾಮೆ ನೀಡಿದರು. ಕೆನಡಾ ಸರ್ಕಾರವು ಅವರಿಗೆ ನೀಡಿದ್ದ ಆರ್ಡರ್ ಆಫ್ ಕೆನಡಾ ಗೌರವವನ್ನೂ ಹಿಂತೆಗೆದುಕೊಂಡಿತು.

ನಿವೃತ್ತಿಯ ನಂತರ

೧೯೭೯ರ ಜನವರಿ ೯ರಂದು ಬ್ರೂಯಿನ್ಸ್ ತಂಡವು ಓರ್ ಧರಿಸುತ್ತಿದ್ದ ೪ನೆಯ ಸಂಖ್ಯೆಯ ಅಂಗಿಯನ್ನು ಮುಂದೆ ಬೇರಾರಿಗೂ ನೀಡದಂತೆ ನಿವೃತ್ತಿಗೊಳಿಸಿತು. ಪ್ರೇಕ್ಷಕರ ಕರತಾಡನ ಬಹಳ ಹೊತ್ತು ನಿಲ್ಲಲಿಲ್ಲ. ಅದೇ ವರ್ಷ, ನಿವೃತ್ತರಾದ ಮೇಲೆ ಮೂರು ವರ್ಷ ಕಾಯಬೇಕೆಂಬ ನಿಯಮವನ್ನು ಸಡಿಲಿಸಿ, ೩೧ನೆಯ ವಯಸ್ಸಿನಲ್ಲಿಯೇ ಅವರನ್ನು ಹಾಕಿ ಹಾಲ್ ಆಫ್ ಫೇಮ್‌ಗೆ ಸೇರಿಸಿಕೊಳ್ಳಲಾಯಿತು.

ಜಾಹೀರಾತು ಮತ್ತು ಪ್ರಚಾರದ ಕೆಲಸಗಳಿಂದ ತಮ್ಮ ಆರ್ಥಿಕ ಸ್ಥಿತಿಯನ್ನು ಸರಿಪಡಿಸಿಕೊಂಡ ಓರ್, ೧೯೯೦ರ ದಶಕದಲ್ಲಿ ತಾವೇ ಆಟಗಾರರ ಏಜೆಂಟರಾದರು. ಏಜೆಂಟನ ಮೇಲಿನ ನಂಬಿಕೆಯಿಂದ ನಷ್ಟ ಅನುಭವಿಸಿದವರು ಯುವ ಆಟಗಾರರ ವ್ಯವಹಾರಗಳನ್ನು ನೋಡಿಕೊಳ್ಳುವ ಹೊಣೆ ಹೊತ್ತದ್ದು ಗಮನಾರ್ಹ. ಮುಂದಿನ ಪೀಳಿಗೆಯ ಪ್ರಮುಖ ಆಟಗಾರ ಕಾನರ್ ಮೆಕ್‌ಡೇವಿಡ್ ಅವರ ಸಂಸ್ಥೆಯ ಮೂಲಕ ಪ್ರತಿನಿಧಿಸಲ್ಪಟ್ಟವರಲ್ಲಿ ಒಬ್ಬರು. ೨೦೧೦ರ ವ್ಯಾಂಕೂವರ್ ಚಳಿಗಾಲದ ಒಲಿಂಪಿಕ್ಸ್ ಉದ್ಘಾಟನೆಯಲ್ಲಿ ಒಲಿಂಪಿಕ್ ಧ್ವಜವನ್ನು ಹೊತ್ತು ತಂದವರಲ್ಲಿ ಓರ್ ಇದ್ದರು. ೨೦೧೩ರಲ್ಲಿ ಅವರ ಆತ್ಮಕಥೆ ಪ್ರಕಟವಾಯಿತು. ಪ್ಯಾರಿ ಸೌಂಡ್‌ನಲ್ಲಿ ಅವರ ಹೆಸರಿನ ವಸ್ತುಸಂಗ್ರಹಾಲಯವಿದೆ. ಓರ್ ೧೯೭೩ರಲ್ಲಿ ಪೆಗ್ಗಿ ವುಡ್ ಅವರನ್ನು ವಿವಾಹವಾದರು. ದಂಪತಿಗೆ ಇಬ್ಬರು ಪುತ್ರರಿದ್ದಾರೆ.

ಪ್ರಭಾವ

ಓರ್ ಅವರ ನಂತರ ರಕ್ಷಣಾ ಆಟಗಾರರಿಂದ ತಂಡಗಳು ನಿರೀಕ್ಷಿಸುವುದೇ ಬದಲಾಯಿತು. ಡೆನಿಸ್ ಪಾಟ್ವಿನ್, ಪಾಲ್ ಕಾಫಿ, ರೇ ಬೋರ್ಕ್ ಮೊದಲಾದವರು ಅವರು ತೆರೆದ ದಾರಿಯಲ್ಲಿ ಸಾಗಿದರು. ಒಂದು ಋತುವಿನಲ್ಲಿ ೪೬ ಗೋಲುಗಳೆಂಬ ಓರ್ ಅವರ ದಾಖಲೆಯನ್ನು ೧೯೮೫–೮೬ರಲ್ಲಿ ಕಾಫಿ ೪೮ ಗೋಲು ಹೊಡೆದು ಮುರಿದರು. ಓರ್ ಅವರಿಗಿಂತ ದೀರ್ಘಕಾಲ ಆಡಿದ ಹಲವು ರಕ್ಷಣಾ ಆಟಗಾರರು ಒಟ್ಟು ಅಂಕಗಳಲ್ಲಿ ಅವರನ್ನು ಮೀರಿದ್ದಾರೆ. ಆದರೆ ವೇಯ್ನ್ ಗ್ರೆಟ್ಸ್ಕಿ, ಗಾರ್ಡಿ ಹೋವ್ ಮತ್ತು ಮಾರಿಯೋ ಲೆಮ್ಯು ಅವರೊಂದಿಗೆ ಆಟದ ಸಾರ್ವಕಾಲಿಕ ಶ್ರೇಷ್ಠರ ಸಾಲಿನಲ್ಲಿ ಹೆಸರಿಸಲಾಗುವ ರಕ್ಷಣಾ ಆಟಗಾರರು ಸಾಮಾನ್ಯವಾಗಿ ಓರ್ ಒಬ್ಬರೇ.

ವೃತ್ತಿಜೀವನದ ಅಂಕಿಅಂಶಗಳು

ನ್ಯಾಷನಲ್ ಹಾಕಿ ಲೀಗ್‌ನ ಸಾಮಾನ್ಯ ಋತುವಿನ ಪಂದ್ಯಗಳು ಮಾತ್ರ.

| ಋತು | ತಂಡ | ಪಂದ್ಯ | ಗೋಲು | ಅಸಿಸ್ಟ್ | ಅಂಕ |
|---|---|---|---|---|---|
| ೧೯೬೬–೬೭ | ಬಾಸ್ಟನ್ | ೬೧ | ೧೩ | ೨೮ | ೪೧ |
| ೧೯೬೭–೬೮ | ಬಾಸ್ಟನ್ | ೪೬ | ೧೧ | ೨೦ | ೩೧ |
| ೧೯೬೮–೬೯ | ಬಾಸ್ಟನ್ | ೬೭ | ೨೧ | ೪೩ | ೬೪ |
| ೧೯೬೯–೭೦ | ಬಾಸ್ಟನ್ | ೭೬ | ೩೩ | ೮೭ | ೧೨೦ |
| ೧೯೭೦–೭೧ | ಬಾಸ್ಟನ್ | ೭೮ | ೩೭ | ೧೦೨ | ೧೩೯ |
| ೧೯೭೧–೭೨ | ಬಾಸ್ಟನ್ | ೭೬ | ೩೭ | ೮೦ | ೧೧೭ |
| ೧೯೭೨–೭೩ | ಬಾಸ್ಟನ್ | ೬೩ | ೨೯ | ೭೨ | ೧೦೧ |
| ೧೯೭೩–೭೪ | ಬಾಸ್ಟನ್ | ೭೪ | ೩೨ | ೯೦ | ೧೨೨ |
| ೧೯೭೪–೭೫ | ಬಾಸ್ಟನ್ | ೮೦ | ೪೬ | ೮೯ | ೧೩೫ |
| ೧೯೭೫–೭೬ | ಬಾಸ್ಟನ್ | ೧೦ | ೫ | ೧೩ | ೧೮ |
| ೧೯೭೬–೭೭ | ಶಿಕಾಗೋ | ೨೦ | ೪ | ೧೯ | ೨೩ |
| ೧೯೭೮–೭೯ | ಶಿಕಾಗೋ | ೬ | ೨ | ೨ | ೪ |
| ಒಟ್ಟು | | ೬೫೭ | ೨೭೦ | ೬೪೫ | ೯೧೫ |

ಪ್ಲೇಆಫ್ ಹಂತದಲ್ಲಿ ಓರ್ ೭೪ ಪಂದ್ಯಗಳಲ್ಲಿ ೨೬ ಗೋಲು, ೬೬ ಅಸಿಸ್ಟ್‌ಗಳೊಂದಿಗೆ ೯೨ ಅಂಕ ಗಳಿಸಿದ್ದಾರೆ.

ಪ್ರಶಸ್ತ��ಗಳು ಮತ್ತು ಗೌರವಗಳು

- ಕಾಲ್ಡರ್ ಸ್ಮಾರಕ ಟ್ರೋಫಿ: ೧೯೬೭
- ಜೇಮ್ಸ್ ನಾರಿಸ್ ಸ್ಮಾರಕ ಟ್ರೋಫಿ: ೧೯೬೮ರಿಂದ ೧೯೭೫ರವರೆಗೆ ಸತತ ಎಂಟು ಬಾರಿ
- ಹಾರ್ಟ್ ಸ್ಮಾರಕ ಟ್ರೋಫಿ: ೧೯೭೦, ೧೯೭೧, ೧೯೭೨
- ಆರ್ಟ್ ರಾಸ್ ಟ್ರೋಫಿ: ೧೯೭೦, ೧೯೭೫
- ಕಾನ್ ಸ್ಮೈತ್ ಟ್ರೋಫಿ: ೧೯೭೦, ೧೯೭೨
- ಸ್ಟ್ಯಾನ್ಲಿ ಕಪ್, ಬಾಸ್ಟನ್ ಬ್ರೂಯಿನ್ಸ್ ತಂಡದೊಂದಿಗೆ: ೧೯೭೦, ೧೯೭೨
- ಕೆನಡಾ ಕಪ್‌ನ ಅತ್ಯಂತ ಮೌಲ್ಯಯುತ ಆಟಗಾರ: ೧೯೭೬
- ಹಾಕಿ ಹಾಲ್ ಆಫ್ ಫೇಮ್ ಸದಸ್ಯತ್ವ: ೧೯೭೯
- ಆರ್ಡರ್ ಆಫ್ ಕೆನಡಾ: ೧೯೭೯